ಹೊಸೂರು ಕಡೆಯಿಂದ ಕೆಜಿಎಫ್ ಮತ್ತು ಆವನಿ: ಒಂದು ದಿನದ ಪ್ರವಾಸವನ್ನು ನಾವೇ ನಡೆಸುವ ಬಗೆ

ಹೊಸೂರು, ತಳಿ, ಬಾಗಲೂರು, ಡೆಂಕಣಿಕೋಟೆ. ಈ ಕಡೆಯ ಕನ್ನಡದ ಮನೆಗಳಲ್ಲಿ ಕೆಜಿಎಫ್, ಅಂದರೆ ಕೋಲಾರದ ಚಿನ್ನದ ಗಣಿಯೂರಿನ ಹೆಸರು ಕೇಳದವರಿಲ್ಲ. ಅಜ್ಜನ ಕಾಲದಲ್ಲಿ ಯಾರೋ ಅಲ್ಲಿ ಗಣಿ ಕೆಲಸಕ್ಕೆ ಹೋಗಿದ್ದರು. ಯಾರದೋ ಮಗಳನ್ನು ಅಲ್ಲಿಗೆ ಕೊಟ್ಟಿದ್ದರು. ಆದರೆ ಹೋಗಿ ಕಣ್ಣಾರೆ ನೋಡಿದವರು ಕಡಿಮೆ. ಹೊಸೂರಿನಿಂದ ಬಾಗಲೂರು, ಮಾಲೂರು, ಬಂಗಾರಪೇಟೆ ದಾಟಿದರೆ ಕೆಜಿಎಫ್. ಹೆಚ್ಚೆಂದರೆ 80 ಕಿಲೋಮೀಟರ್. ಅಲ್ಲಿಂದ ಮುಕ್ಕಾಲು, ಒಂದು ಗಂಟೆ ಮುಂದೆ ಹೋದರೆ ಆವನಿ. ಸಾವಿರ ವರ್ಷ ಹಳೆಯ, ನೊಳಂಬ ರಾಜರ ಕಾಲದ ಕಲ್ಲುಗುಡಿಗಳು ಅಲ್ಲಿವೆ. ಎರಡನ್ನೂ ಒಂದೇ ದಿನದಲ್ಲಿ ನೋಡಿ ರಾತ್ರಿ ಊಟಕ್ಕೆ ಮನೆಗೆ ಬರಬಹುದು.

ಕೆಲವು ವರ್ಷಗಳಿಂದ ಚಳಿಗಾಲ ಬಂದಾಗ ನೆಂಟರು, ನೆರೆಯವರು, ಅವರ ಮಕ್ಕಳು ಅಂತ ಹತ್ತು ಹನ್ನೆರಡು ಜನರನ್ನು ಸೇರಿಸಿಕೊಂಡು ನಾನು ಈ ದಾರಿಯಲ್ಲಿ ಹೋಗಿಬರುತ್ತಿದ್ದೇನೆ. ನೀವೂ ನಿಮ್ಮ ಬೀದಿಯವರನ್ನು ಕರೆದುಕೊಂಡು ಹೋಗಬೇಕು ಎಂಬ ಆಸೆಯಿಂದ ಇದನ್ನು ಬರೆಯುತ್ತಿದ್ದೇನೆ.

ಗಡಿಯಲ್ಲಿರುವ ನಮಗೆ ಈ ಪ್ರವಾಸದಲ್ಲಿ ಒಂದು ದೊಡ್ಡ ಅನುಕೂಲ ಇದೆ. ನಾವು ಮನೆಯಲ್ಲಿ ಕನ್ನಡ ಆಡುತ್ತೇವೆ, ಶಾಲೆಯಲ್ಲಿ ತಮಿಳು ಕಲಿಯುತ್ತೇವೆ, ಸಂತೆಯಲ್ಲಿ ತೆಲುಗಿನಲ್ಲಿ ವ್ಯಾಪಾರ ಮಾಡುತ್ತೇವೆ. ಕೆಜಿಎಫ್‌ನ ಹಳೇ ಕೆಲಸಗಾರರಲ್ಲಿ ಹೆಚ್ಚಿನವರ ಮನೆಮಾತು ತಮಿಳು, ಕೆಲವರದು ತೆಲುಗು. ಆವನಿಯ ಕಲ್ಲುಗಳ ಮೇಲಿರುವುದು ಹಳಗನ್ನಡ. ಈ ಮೂರೂ ಗೊತ್ತಿರುವ ಮಕ್ಕಳು ನಮ್ಮ ಗಾಡಿಯಲ್ಲೇ ಕೂತಿರುತ್ತಾರೆ. ಬೇರೆ ಊರಿನ ಪ್ರವಾಸಿಗರಿಗೆ ಇದು ದುಡ್ಡು ಕೊಟ್ಟರೂ ಸಿಗುವುದಿಲ್ಲ.

ಮೊದಲು ಎರಡೇ ಜಾಗ ಆರಿಸಿ

ನಾನು ಮೊದಲ ಸಲ ಹೊರಟಾಗ ಪಟ್ಟಿ ಉದ್ದ ಇತ್ತು. ಬೂದಿಕೋಟೆ, ಕೆಜಿಎಫ್, ಬೇತಮಂಗಲ, ಆವನಿ, ಕುರುಡುಮಲೆ, ವಾಪಸ್ ಬರುವಾಗ ಕೋಲಾರಮ್ಮ. ಎಲ್ಲ ಕಡೆಯೂ ಇಳಿದೆವು, ಫೋಟೋ ತೆಗೆದೆವು, ಮತ್ತೆ ಹತ್ತಿದೆವು. ಕುರುಡುಮಲೆ ಮುಟ್ಟುವ ಹೊತ್ತಿಗೆ ಕತ್ತಲಾಗಿತ್ತು. ಜೊತೆಗೆ ಬಂದಿದ್ದ ನಮ್ಮ ಅತ್ತೆಗೆ ಬಿಸಿಲು, ಹಸಿವು ಎರಡೂ ಸೇರಿ ತಲೆ ಸುತ್ತಿತು. ಮಾರನೇ ದಿನ ಮಕ್ಕಳನ್ನು "ಏನು ನೋಡಿದಿರಿ" ಅಂತ ಕೇಳಿದರೆ ಯಾವುದು ಎಲ್ಲಿ ಎಂದೇ ಅವರಿಗೆ ನೆನಪಿರಲಿಲ್ಲ.

ಅಂದಿನಿಂದ ಒಂದು ದಿನಕ್ಕೆ ಎರಡೇ ಜಾಗ. ಬೆಳಗ್ಗೆ ಗಣಿಯೂರು, ಮಧ್ಯಾಹ್ನದ ಮೇಲೆ ಗುಡಿ. ಇದನ್ನು ಹಿಂದು ಮುಂದು ಮಾಡಬೇಡಿ. ಗಣಿಯೂರಿನಲ್ಲಿ ನೆರಳು ಕಡಿಮೆ, ನಡಿಗೆ ಜಾಸ್ತಿ. ಅದಕ್ಕೆ ಬೆಳಗಿನ ತಂಪು ಬೇಕು. ಗುಡಿಯ ಕೆತ್ತನೆ, ಶಾಸನದ ಅಕ್ಷರ ಚೆನ್ನಾಗಿ ಕಾಣುವುದು ಸೂರ್ಯ ಪಕ್ಕಕ್ಕೆ ವಾಲಿದ ಮೇಲೆ.

ದಾರಿ ತೋರಿಸುವವರನ್ನು ಹುಡುಕುವುದು

ಇಡೀ ಪ್ರವಾಸ ನಿಂತಿರುವುದು ಇದರ ಮೇಲೆ. ಗಾಡಿ ಬುಕ್ ಮಾಡುವುದಕ್ಕೂ ಮೊದಲು ಈ ಕೆಲಸ ಮುಗಿಸಿ.

ಕೆಜಿಎಫ್‌ನಲ್ಲಿ ಗಣಿ ಮುಚ್ಚಿದ್ದು 2001ರ ಫೆಬ್ರವರಿ 28ರಂದು. ಅಂದು ನಲವತ್ತು ವರ್ಷದವರಾಗಿದ್ದ ಕೆಲಸಗಾರರು ಈಗ ಅರವತ್ತು ದಾಟಿದ್ದಾರೆ. ನೆಲದೊಳಗೆ ಇಳಿದು ಕೆಲಸ ಮಾಡಿದವರು ಇನ್ನೂ ಇದ್ದಾರೆ, ಆದರೆ ವರ್ಷ ವರ್ಷಕ್ಕೂ ಕಡಿಮೆ ಆಗುತ್ತಿದ್ದಾರೆ. ಮುಂದಿನ ವರ್ಷ ನೋಡೋಣ ಅಂತ ಮುಂದೂಡಬೇಡಿ ಎಂದು ನಾನು ಎಲ್ಲರಿಗೂ ಹೇಳುವುದು ಇದಕ್ಕೇ.

ಅವರನ್ನು ಹುಡುಕುವುದು ಕಷ್ಟವಲ್ಲ. ನಿಮ್ಮ ಊರಿನಲ್ಲೇ ನಾಲ್ಕು ಮನೆ ಕೇಳಿದರೆ ಕೆಜಿಎಫ್‌ನಲ್ಲಿ ನೆಂಟರಿರುವವರು ಒಬ್ಬರಾದರೂ ಸಿಗುತ್ತಾರೆ. ಇಲ್ಲದಿದ್ದರೆ ಒಂದು ದಿನ ನೀವೊಬ್ಬರೇ ಹೋಗಿ. ಚಾಂಪಿಯನ್ ರೀಫ್ಸ್, ಮಾರಿಕುಪ್ಪಂ ಕಡೆಯ ಟೀ ಅಂಗಡಿಯಲ್ಲಿ ಕೂತು ತಮಿಳಿನಲ್ಲಿ ವಿಚಾರಿಸಿ. "ಅಂಡರ್‌ಗ್ರೌಂಡ್‌ನಲ್ಲಿ ಕೆಲಸ ಮಾಡಿದವರು ಯಾರಾದರೂ ಇದ್ದಾರಾ?" ಎಂದರೆ ಸಾಕು, ಯಾರಾದರೂ ಕೈ ಹಿಡಿದು ಕರೆದುಕೊಂಡು ಹೋಗುತ್ತಾರೆ.

ಸಿಕ್ಕ ಮೇಲೆ ಮೂರು ಮಾತು ಮೊದಲೇ ಆಗಬೇಕು. ಎಷ್ಟು ದೂರ ನಡೆಯಬಲ್ಲರು, ಎಷ್ಟು ಹೊತ್ತು ಜೊತೆಗಿರುತ್ತಾರೆ, ಎಷ್ಟು ಕೊಡಬೇಕು. "ಏನಾದರೂ ಕೊಡಿ" ಎಂದೇ ಅವರು ಹೇಳುವುದು. ಅದಕ್ಕೆ ಬಿಡಬೇಡಿ. ಅರ್ಧ ದಿನ ಒಬ್ಬ ಕೆಲಸಗಾರರನ್ನು ಕರೆಯುತ್ತಿದ್ದೇವೆ, ಅದರ ಲೆಕ್ಕ ಸರಿಯಾಗಿರಬೇಕು. ನಮ್ಮ ಗುಂಪಿನಲ್ಲಿ ಆ ದಿನದ ಡ್ರೈವರ್ ಬಾಟಾಗಿಂತ ಕಡಿಮೆ ಕೊಡುವುದಿಲ್ಲ. ಹಣವನ್ನು ಕವರಿನಲ್ಲಿ ಹಾಕಿ, ಕೆಲಸ ಶುರು ಮಾಡುವ ಮೊದಲೇ ಕೊಟ್ಟುಬಿಡುತ್ತೇವೆ. ಕೊನೆಗೆ ಗಡಿಬಿಡಿಯಲ್ಲಿ ಬಸ್ ಕಿಟಕಿಯಿಂದ ನೋಟು ಚಾಚುವುದು ಚೆನ್ನಾಗಿರುವುದಿಲ್ಲ.

ಇನ್ನೊಂದು ಎಚ್ಚರಿಕೆ. ಒಂದು ಸಲ ಪ್ರವಾಸ ಮಾಡಿಸುವ ಒಬ್ಬರು "ಗಣಿಯೊಳಗೇ ಇಳಿಸುತ್ತೇವೆ" ಅಂತ ತಲೆಗಿಷ್ಟು ಮುಂಗಡ ತೆಗೆದುಕೊಂಡರು. ಹೋದ ಮೇಲೆ ಒಂದು ಬೀಗ ಹಾಕಿದ ಗೇಟ್ ತೋರಿಸಿದರು, ಅಷ್ಟೇ. ಕೆಜಿಎಫ್‌ನ ಆಳದ ಗಣಿಗಳಿಗೆ ಪ್ರವಾಸಿಗರು ಇಳಿಯುವಂತಿಲ್ಲ. ಪಂಪು ನಿಂತ ಮೇಲೆ ಒಳಗೆ ನೀರು ತುಂಬಿದೆ. ಇಳಿಸುತ್ತೇವೆ ಎಂದು ಯಾರು ಹೇಳಿದರೂ ನಂಬಬೇಡಿ.

ಗಾಡಿ, ತಾರೀಕು, ಬುತ್ತಿ

ಹನ್ನೆರಡು ಜನ ಅಂದರೆ ಒಂದು ಟಿ.ಟಿ. (ಟೆಂಪೋ ಟ್ರಾವೆಲರ್) ಸಾಕು. ನಾವು ತಮಿಳುನಾಡಿನ ಗಾಡಿಯಲ್ಲಿ ಕರ್ನಾಟಕಕ್ಕೆ ಹೋಗುತ್ತೇವೆ. ಹಳದಿ ಬೋರ್ಡಿನ ಗಾಡಿಗೆ ಆಲ್ ಇಂಡಿಯಾ ಟೂರಿಸ್ಟ್ ಪರ್ಮಿಟ್ ಇದೆಯಾ, ಇಲ್ಲದಿದ್ದರೆ ಕರ್ನಾಟಕದ ಟ್ಯಾಕ್ಸ್ ಯಾರು ಕಟ್ಟುತ್ತಾರೆ ಎಂದು ಬುಕ್ ಮಾಡುವಾಗಲೇ ಕೇಳಿ. ಗಡಿಯಲ್ಲಿ ನಿಲ್ಲಿಸಿಕೊಂಡು ಮಾತಾಡುವ ಹಾಗಾಗಬಾರದು. ಅಗ್ಗಕ್ಕೆ ಸಿಕ್ಕಿತು ಅಂತ ಬಿಳಿ ಬೋರ್ಡಿನ ಗಾಡಿಯನ್ನು ಬಾಡಿಗೆಗೆ ತಗೊಳ್ಳಬೇಡಿ. ಏನಾದರೂ ಆದರೆ ಇನ್ಶೂರೆನ್ಸ್ ಕೈಕೊಡುತ್ತದೆ.

ನವೆಂಬರ್‌ನಿಂದ ಫೆಬ್ರವರಿ ಒಳ್ಳೆಯ ಕಾಲ. ಡಿಸೆಂಬರ್, ಜನವರಿಯಲ್ಲಿ ನಮ್ಮ ಕಡೆ ಬೆಳಗ್ಗೆ ಮಂಜು ದಟ್ಟವಾಗಿರುತ್ತದೆ. ತಳಿ, ಡೆಂಕಣಿಕೋಟೆ ಕಾಡಂಚಿನ ಹಳ್ಳಿಯವರಾದರೆ ಆನೆಯ ಭಯವೂ ಇದೆ. ಅವರು ಬೆಳಕು ಹರಿದ ಮೇಲೆಯೇ ಮನೆ ಬಿಡಲಿ. ನಾವು ಹೊಸೂರು ಬಿಡುವುದು ಆರೂವರೆಗೆ.

ಊಟಕ್ಕೆ ನಾನು ಬುತ್ತಿಯ ಪಕ್ಷ. ಚಿತ್ರಾನ್ನ, ಮೊಸರನ್ನ, ಅವರೆಕಾಯಿ ಕಾಲವಾದರೆ ಅವರೆಕಾಳಿನ ಉಪ್ಪಿಟ್ಟು. ತಲೆಗೆ ಎರಡು ಲೀಟರ್ ನೀರು. ಬೇತಮಂಗಲದ ಕೆರೆ ಏರಿ ಹತ್ತಿರ ನೆರಳು ಹುಡುಕಿ ಕೂತು ಉಣ್ಣಬಹುದು. ಎಲೆ, ಪೇಪರ್ ತಟ್ಟೆ ಅಲ್ಲೇ ಬಿಟ್ಟು ಬರಬೇಡಿ.

ಟಾರ್ಚ್ ಎರಡು, ಟೋಪಿ, ಮೂಗು ಮುಚ್ಚಲು ಬಟ್ಟೆ ಅಥವಾ ಮಾಸ್ಕ್ ಎಲ್ಲರಿಗೂ. ಮಾಸ್ಕ್ ಯಾಕೆ ಎಂದು ಮುಂದೆ ಹೇಳುತ್ತೇನೆ.

ಬಂಗಾರಪೇಟೆಯಿಂದ ರೈಲು ಹತ್ತಿ

ಸಮಯ ಹೊಂದಿದರೆ ಇದನ್ನು ಮಾತ್ರ ತಪ್ಪಿಸಿಕೊಳ್ಳಬೇಡಿ. ಬಂಗಾರಪೇಟೆ ಹೆಸರು ಬ್ರಿಟಿಷರ ಕಾಲದಲ್ಲಿ ಬೌರಿಂಗ್‌ಪೇಟೆ. ಅಲ್ಲಿಂದ ಗಣಿಗಳಿಗೆಂದೇ 1890ರ ದಶಕದಲ್ಲಿ ಒಂದು ಕವಲು ರೈಲುದಾರಿ ಹಾಕಿದರು. ಕೋರಮಂಡಲ್, ಊರಿಗಾಂ, ಚಾಂಪಿಯನ್, ಕೊನೆಗೆ ಮಾರಿಕುಪ್ಪಂ. ಹೆಚ್ಚಿನ ಸ್ಟೇಷನ್ ಹೆಸರುಗಳು ಗಣಿಗಳ ಹೆಸರುಗಳೇ. ಅರ್ಧ ಗಂಟೆ ಆಸುಪಾಸಿನ ಪ್ರಯಾಣ. ಗಾಡಿಯನ್ನು ಮಾರಿಕುಪ್ಪಂಗೆ ಮುಂದೆ ಕಳಿಸಿ, ನೀವು ರೈಲಿನಲ್ಲಿ ಬನ್ನಿ. ರೈಲಿನ ಸಮಯವನ್ನು ಹಿಂದಿನ ದಿನ ನೋಡಿಕೊಂಡೇ ಹೊರಡಿ.

ಬೆಳಗ್ಗೆ ಎದುರಿನಿಂದ ಬೆಂಗಳೂರಿನ ಕಡೆ ಹೋಗುವ ರೈಲುಗಳು ತುಂಬಿ ತುಳುಕುತ್ತಿರುತ್ತವೆ. ಗಣಿ ಮುಚ್ಚಿದ ಮೇಲೆ ಈ ಊರಿನ ಮಕ್ಕಳು ದಿನಾ ಬೆಂಗಳೂರಿಗೆ ಹೋಗಿ ದುಡಿದು ರಾತ್ರಿ ವಾಪಸ್ ಬರುತ್ತಾರೆ. ಕೆಜಿಎಫ್ ಇವತ್ತು ಬದುಕಿರುವುದು ಹೇಗೆ ಎಂಬುದನ್ನು ಆ ರೈಲೇ ತೋರಿಸುತ್ತದೆ. ಅಂದಹಾಗೆ ಅದು ಅವರ ಕೆಲಸದ ರೈಲು. ಗುಂಪು ಕಟ್ಟಿಕೊಂಡು ಬಾಗಿಲಲ್ಲಿ ನಿಲ್ಲುವುದು ಬೇಡ.

ಗಣಿಯೂರಿನಲ್ಲಿ ಮೂರು ಗಂಟೆ

ಗಾಡಿಯಲ್ಲೇ ಮಕ್ಕಳಿಗೆ ಸ್ವಲ್ಪ ಹಿನ್ನೆಲೆ ಹೇಳಿಬಿಡಿ. ಹೋದ ಮೇಲೆ ಅವರು ಕೇಳಿಸಿಕೊಳ್ಳುವುದಿಲ್ಲ.

ಇಲ್ಲಿ ಚಿನ್ನ ಇದೆ ಎನ್ನುವುದು ಊರಿನವರಿಗೆ ಬಹಳ ಹಿಂದಿನಿಂದಲೂ ಗೊತ್ತಿತ್ತು. ಮಣ್ಣು ತೊಳೆದು ಚೂರು ಚೂರು ಚಿನ್ನ ತೆಗೆಯುತ್ತಿದ್ದರು. 1802ರಲ್ಲಿ ಮೈಸೂರಿನ ಪೂರ್ವದ ಗಡಿ ಅಳೆಯಲು ಬಂದ ಲೆಫ್ಟಿನೆಂಟ್ ಜಾನ್ ವಾರೆನ್ ಅದನ್ನು ನೋಡಿ ಬರೆದಿಟ್ಟ. 1870ರ ದಶಕದಲ್ಲಿ ಮೈಕೆಲ್ ಲ್ಯಾವೆಲ್ ಎಂಬ ನಿವೃತ್ತ ಸೈನಿಕ ಮೈಸೂರು ಸರ್ಕಾರದಿಂದ ಅಗೆಯುವ ಹಕ್ಕು ಪಡೆದ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಬಂತು. ಅಲ್ಲಿಂದ ಕೆಲಸ ಜೋರಾಯಿತು. ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಕಡೆಯಿಂದ ಸಾವಿರಾರು ಜನ ಕೂಲಿಗೆ ಬಂದರು. ಅಂದಿನ ಸೇಲಂ ಜಿಲ್ಲೆ ಅಂದರೆ ನಮ್ಮ ಹೊಸೂರೂ ಅದರಲ್ಲೇ ಇತ್ತು.

1902ರಲ್ಲಿ ಶಿವನಸಮುದ್ರದಲ್ಲಿ ಕಾವೇರಿಯಿಂದ ಕರೆಂಟ್ ತೆಗೆದರು. ಅದು ಮೊದಲು ಹೋದದ್ದು ಬೆಂಗಳೂರಿಗೂ ಅಲ್ಲ, ಮೈಸೂರಿಗೂ ಅಲ್ಲ. ಸುಮಾರು 147 ಕಿಲೋಮೀಟರ್ ತಂತಿ ಎಳೆದು ಈ ಗಣಿಗಳಿಗೆ ತಂದರು. ಚಾಂಪಿಯನ್ ರೀಫ್ ಗಣಿ 3 ಕಿಲೋಮೀಟರಿಗಿಂತ ಆಳಕ್ಕೆ ಇಳಿಯಿತು. ಸುಮಾರು 120 ವರ್ಷದಲ್ಲಿ ಇಲ್ಲಿಂದ 800 ಟನ್ನಿಗೂ ಹೆಚ್ಚು ಚಿನ್ನ ಹೋಯಿತು. ಅಷ್ಟು ಆಳದಲ್ಲಿ ಆಕಾಶದಿಂದ ಬರುವ ಬೇರೆ ಕಣಗಳ ಕಾಟ ಕಡಿಮೆ. ಹಾಗಾಗಿ ವಿಜ್ಞಾನಿಗಳು ಗಣಿಯೊಳಗೇ ಉಪಕರಣ ಇಟ್ಟು 1965ರಲ್ಲಿ ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊ ಎಂಬ ಅತಿ ಸಣ್ಣ ಕಣಗಳನ್ನು ಗುರುತಿಸಿದರು. ಮಕ್ಕಳಿಗೆ ಈ ಕಥೆ ಬಹಳ ಇಷ್ಟ.

ಇಳಿದ ಮೇಲೆ ದಾರಿ ತೋರಿಸುವ ಹಿರಿಯರ ಹಿಂದೆ ನಡೆಯಿರಿ. ಅವರು ಎಲ್ಲಿ ನಿಲ್ಲುತ್ತಾರೋ ಅಲ್ಲಿ ನಿಲ್ಲಿ. ನಮ್ಮ ಜೊತೆ ಬರುವ ತಾತ ಮೊದಲು ಕರೆದುಕೊಂಡು ಹೋಗುವುದು ಗಣಿಗಲ್ಲ, ಲೈನಿಗೆ. ಲೈನ್ ಎಂದರೆ ಕಂಪನಿ ಕೆಲಸಗಾರರಿಗೆ ಕಟ್ಟಿಸಿದ ಸಾಲುಮನೆಗಳು. ಬಾಗಿಲಲ್ಲಿ ತಲೆ ಬಗ್ಗಿಸಬೇಕು. ಒಂದೇ ಕೋಣೆ, ಮುಂದೆ ಸ್ವಲ್ಪ ಜಗಲಿ. ಇದೇ ಕೋಣೆಯಲ್ಲಿ ಒಂಬತ್ತು ಜನ ಬೆಳೆದೆವು ಎಂದು ತೋರಿಸುತ್ತಾರೆ. ಶಿಫ್ಟ್ ಪ್ರಕಾರ ಮಲಗುತ್ತಿದ್ದರಂತೆ. ಅಪ್ಪ ನೈಟ್ ಶಿಫ್ಟಿನಿಂದ ಬಂದಾಗ ಮಕ್ಕಳು ಹೊರಗೆ. ಆಮೇಲೆ ಅರ್ಧ ಕಿಲೋಮೀಟರ್ ನಡೆಸಿ ದೊಡ್ಡ ಬಂಗಲೆಗಳ ಬೀದಿ ತೋರಿಸುತ್ತಾರೆ. ಹೆಂಚಿನ ಮಾಡು, ಸುತ್ತ ತೋಟ, ಹತ್ತಿರದಲ್ಲೇ ಕ್ಲಬ್ಬು. ಅದು ಬಿಳಿಯರ ಕಡೆ. ಈ ಊರನ್ನು ಲಿಟಲ್ ಇಂಗ್ಲೆಂಡ್ ಎಂದು ಕರೆಯುತ್ತಿದ್ದದ್ದು ಆ ಬೀದಿ ನೋಡಿ. ಎರಡನ್ನೂ ಒಂದಾದ ಮೇಲೊಂದು ನೋಡಬೇಕು. ಬರೀ ಬಂಗಲೆ ನೋಡಿ ಬಂದರೆ ಕೆಜಿಎಫ್ ನೋಡಿದ ಹಾಗಲ್ಲ.

ಹೆಡ್‌ಗೇರ್ ಅಂದರೆ ಶಾಫ್ಟಿನ (ಗಣಿಗೆ ಇಳಿಯುವ ಆಳದ ಬಾವಿಯ) ಮೇಲೆ ನಿಂತಿರುವ ಕಬ್ಬಿಣದ ಗೋಪುರ. ಅದರ ತುದಿಯ ಚಕ್ರದ ಮೇಲೆ ಹಗ್ಗ ಓಡಿ, ಕೆಲಸಗಾರರು ನಿಂತ ಕೇಜ್ ಕೆಳಗಿಳಿಯುತ್ತಿತ್ತು. ಈಗ ಉಳಿದಿರುವುದು ಕೆಲವೇ. ರಸ್ತೆಯಿಂದ ನೋಡಿ. ಗಣಿಯ ಜಾಗ ಬಿಜಿಎಂಎಲ್ ಅಂದರೆ ಭಾರತ್ ಗೋಲ್ಡ್ ಮೈನ್ಸ್‌ನದು. ಕಾವಲಿನವರು ಬೇಡ ಎಂದರೆ ವಾದಕ್ಕೆ ಇಳಿಯಬೇಡಿ. ಬೇಲಿ ಬಿದ್ದಿದೆ ಅಂತ ನುಗ್ಗಲೂ ಬೇಡಿ. ಹಳೆಯ ಗುಂಡಿಗಳ ಬಾಯಿ ಗಿಡಗಂಟಿಯಲ್ಲಿ ಮುಚ್ಚಿಹೋಗಿರುತ್ತದೆ, ಕಾಲಿಟ್ಟರೆ ಗೊತ್ತಾಗುವುದಿಲ್ಲ. ಮಕ್ಕಳ ಕೈ ಬಿಡಲೇಬೇಡಿ.

ಇನ್ನು ಆ ದೊಡ್ಡ ದಿಬ್ಬಗಳು. ಊರಿನವರು ಸೈನೈಡ್ ದಿಬ್ಬ ಎನ್ನುತ್ತಾರೆ. ಕಲ್ಲನ್ನು ಪುಡಿ ಮಾಡಿ, ಸೈನೈಡ್ ನೀರಿನಲ್ಲಿ ಚಿನ್ನ ಕರಗಿಸಿ ತೆಗೆದು, ಉಳಿದ ಹಿಟ್ಟಿನಂಥ ಮಣ್ಣನ್ನು ನೂರು ವರ್ಷ ಊರಿನ ಪಕ್ಕದಲ್ಲೇ ಸುರಿದರು. ಅವೇ ಈ ಗುಡ್ಡಗಳಾದವು. ಮಳೆ ನೀರು ಅವನ್ನು ಸೀಳಿ ಸೀಳಿ ಕಣಿವೆ ಮಾಡಿದೆ. ನೋಡಲು ಬಹಳ ಚಂದ. ಎಲ್ಲರಿಗೂ ಹತ್ತಬೇಕು ಅನಿಸುತ್ತದೆ. ಹತ್ತಬೇಡಿ. ಗಾಳಿ ಬೀಸಿದಾಗ ಆ ಪುಡಿ ಇಡೀ ಊರಿನ ಮೇಲೆ ಹಾರುತ್ತದೆ, ಮೂಗಿಗೆ, ಶ್ವಾಸಕೋಶಕ್ಕೆ ಹೋಗುತ್ತದೆ. ಮಾಸ್ಕ್ ಬೇಕು ಎಂದದ್ದು ಇದಕ್ಕೆ. ಅಂಚು ಕುಸಿಯುವ ಅಪಾಯವೂ ಇದೆ. ದೂರದಿಂದ ಫೋಟೋ ತೆಗೆದು ಮುಂದೆ ಹೋಗಿ.

ತಾತನ ಹತ್ತಿರ ಏನು ಕೇಳಬೇಕು? "ಎಷ್ಟು ಚಿನ್ನ ಸಿಗುತ್ತಿತ್ತು, ಮನೆಗೆ ತಂದಿದ್ದೀರಾ?" ಅಂತ ಎಲ್ಲರೂ ಕೇಳುತ್ತಾರೆ. ಅವರಿಗೆ ಅದು ಸಾಕಾಗಿಹೋಗಿದೆ. ಕೇಜಿನಲ್ಲಿ ಇಳಿಯುವಾಗ ಕಿವಿ ಹೇಗಾಗುತ್ತಿತ್ತು, ಕೆಳಗೆ ಎಷ್ಟು ಸೆಕೆ, ಊಟ ಎಲ್ಲಿ ಮಾಡುತ್ತಿದ್ದಿರಿ, ಯಾವ ಹಾಡು ಹೇಳುತ್ತಿದ್ದಿರಿ ಅಂತ ಕೇಳಿ. ಏರ್ ಬ್ಲಾಸ್ಟ್ ಬಗ್ಗೆ ಕೇಳಿ. ಆಳದಲ್ಲಿ ಕಲ್ಲಿನ ಮೇಲಿನ ಒತ್ತಡ ತಡೆಯದೆ ಬಂಡೆ ಒಮ್ಮೆಲೇ ಸಿಡಿಯುವುದಕ್ಕೆ ಅವರು ಹೇಳುವ ಮಾತು ಅದು. ಮೇಲೆ ಮನೆಯಲ್ಲಿ ಪಾತ್ರೆ ಅಲುಗಾಡಿದಾಗ ಹೆಂಗಸರು ಶಾಫ್ಟಿನ ಕಡೆ ಓಡುತ್ತಿದ್ದರಂತೆ. ನಮ್ಮ ತಾತ ಇದನ್ನು ಹೇಳುವಾಗ ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ. ಆಗ ಯಾರೂ ಮಾತಾಡುವುದಿಲ್ಲ. ಕಲ್ಲಿನ ದೂಳಿನಿಂದ ಬರುವ ಸಿಲಿಕೋಸಿಸ್ ಇಲ್ಲಿ ಎಷ್ಟೋ ಮನೆಗಳನ್ನು ಕಾಡಿದೆ. ಆ ಮಾತನ್ನು ಅವರೇ ಎತ್ತಿದರೆ ಕೇಳಿಸಿಕೊಳ್ಳಿ, ನೀವಾಗಿ ಕೆದಕಬೇಡಿ.

ತಮಿಳು ಬರದ ಹಿರಿಯರು ಗುಂಪಿನಲ್ಲಿದ್ದರೆ ಮಕ್ಕಳಿಗೆ ಕೆಲಸ ಕೊಡಿ. ಒಂದೊಂದು ಮಗು ಒಬ್ಬೊಬ್ಬ ಅಜ್ಜಿಗೆ ಕಿವಿಯಲ್ಲಿ ಕನ್ನಡ ಮಾಡಿ ಹೇಳಲಿ. ಮೊಮ್ಮಗಳು ತಪ್ಪು ಹೇಳಿದರೆ ತಾತನೇ ನಿಲ್ಲಿಸಿ ತಿದ್ದುತ್ತಾರೆ. ಅವರಿಗೆ ಕನ್ನಡ ಚೆನ್ನಾಗಿಯೇ ಅರ್ಥವಾಗುತ್ತದೆ.

ಹನ್ನೆರಡಕ್ಕೆ ಹೊರಡಿ. ರಾಬರ್ಟ್‌ಸನ್‌ಪೇಟೆ ಮಾರ್ಕೆಟ್ಟಿನಲ್ಲಿ ಟೀ ಕುಡಿಯುವುದು ಬಿಟ್ಟರೆ ಬೇರೆ ಕಡೆ ನಿಲ್ಲಬೇಡಿ.

ಬೇತಮಂಗಲ: ಊಟದ ಹೊತ್ತು

ಪಾಲಾರ್ ನದಿಯ ನೀರು ನಿಲ್ಲಿಸಿದ ದೊಡ್ಡ ಕೆರೆ ಇದು. ಗಣಿಗಳಿಗೆ, ಕೆಜಿಎಫ್ ಊರಿಗೆ ನೀರು ಹೋಗುತ್ತಿದ್ದದ್ದು ಇಲ್ಲಿಂದಲೇ. ಊರಿನ ಹಳೆಯ ಹೆಸರು ವಿಜಯಾದಿತ್ಯಮಂಗಲ. ಹತ್ತನೇ ಶತಮಾನದಲ್ಲಿ ಇದರ ಏರಿ ಒಡೆದಾಗ ನೊಳಂಬರು ಸರಿಪಡಿಸಿದರು ಎಂದು ಶಾಸನ ಹೇಳುತ್ತದೆ. ಬೆಳಗ್ಗೆ ನೋಡಿದ ಗಣಿಗೂ ಮಧ್ಯಾಹ್ನ ನೋಡುವ ಗುಡಿಗೂ ಮಧ್ಯೆ ಈ ಕೆರೆ ಇದೆ. ಊಟಕ್ಕೆ ಇದಕ್ಕಿಂತ ಒಳ್ಳೆಯ ಜಾಗ ನನಗೆ ಗೊತ್ತಿಲ್ಲ.

ಆವನಿ: ಕಲ್ಲು ಓದುವ ಮಧ್ಯಾಹ್ನ

ನೊಳಂಬರು ಯಾರು ಎಂದು ಮಕ್ಕಳು ಕೇಳುತ್ತಾರೆ. ರಾಜಧಾನಿ ಹೆಂಜೇರು. ಅದು ಈಗಿನ ಹೇಮಾವತಿ, ಆಂಧ್ರದ ಶ್ರೀ ಸತ್ಯಸಾಯಿ ಜಿಲ್ಲೆಯಲ್ಲಿ, ಕರ್ನಾಟಕದ ಗಡಿಗೆ ಅಂಟಿಕೊಂಡಿದೆ. ಅವರ ನಾಡಿನ ಹೆಸರು ನೊಳಂಬವಾಡಿ ಮೂವತ್ತೆರಡು ಸಾವಿರ. ನಮ್ಮ ಪಕ್ಕದ ಧರ್ಮಪುರಿ ಆಗ ತಗಡೂರು. ಅಲ್ಲೂ ನೊಳಂಬ ಮಹೇಂದ್ರನ ಕಾಲದ ಕನ್ನಡ ಶಾಸನ ಸಿಕ್ಕಿದೆ. ಅಂದರೆ ಇವತ್ತು ಮೂರು ರಾಜ್ಯಕ್ಕೆ ಹಂಚಿಹೋದ ನೆಲವನ್ನು ಆಳಿದವರು. ನಮ್ಮ ಹಾಗೆಯೇ ಗಡಿಯವರು ಅಂತ ಇಟ್ಟುಕೊಳ್ಳಿ.

ಆವನಿಯಲ್ಲಿ ಒಂದೇ ಪೌಳಿಯೊಳಗೆ ರಾಮೇಶ್ವರ, ಲಕ್ಷ್ಮಣೇಶ್ವರ, ಭರತೇಶ್ವರ, ಶತ್ರುಘ್ನೇಶ್ವರ ಎಂಬ ಗುಡಿಗಳಿವೆ. ಎಲ್ಲವೂ ಶಿವನ ಗುಡಿಗಳು. ಸೀತೆ ಇಲ್ಲೇ ಲವಕುಶರನ್ನು ಹೆತ್ತಳು, ಮೇಲಿನ ಬೆಟ್ಟದಲ್ಲಿ ವಾಲ್ಮೀಕಿ ಇದ್ದರು ಎಂಬುದು ಊರಿನ ನಂಬಿಕೆ. ಮೊದಲು ಪೂಜೆ ಮಾಡುವವರಿಗೆ ಹೇಳಿ ಕೈ ಮುಗಿದು ಒಳಗೆ ಹೋಗಿ. ಲಕ್ಷ್ಮಣೇಶ್ವರದ ಒಳಗೆ ತಲೆ ಎತ್ತಿ ಚಾವಣಿ ನೋಡಿ. ನಡುವೆ ಉಮಾಮಹೇಶ್ವರ, ಸುತ್ತ ಎಂಟು ದಿಕ್ಕಿನ ದೇವತೆಗಳು. ಟಾರ್ಚನ್ನು ನೇರಕ್ಕೆ ಬಿಡಬೇಡಿ, ಪಕ್ಕದಿಂದ ಓರೆಯಾಗಿ ಬಿಡಿ. ಆಗ ನೆರಳು ಬಿದ್ದು ಕೆತ್ತನೆ ಎದ್ದು ಕಾಣುತ್ತದೆ. ಶಾಸನಕ್ಕೂ ಇದೇ ಉಪಾಯ.

ಶಾಸನ ಓದುವುದಕ್ಕೆ ಮನೆಯಲ್ಲೇ ತಯಾರಿ ಬೇಕು. ಹತ್ತನೇ ಶತಮಾನದ ಅಕ್ಷರ ಈಗಿನ ಕನ್ನಡ ಬಲ್ಲವರಿಗೂ ನೇರವಾಗಿ ಓದಲು ಬರುವುದಿಲ್ಲ. ಬಿ. ಎಲ್. ರೈಸ್ ಕೋಲಾರ ಜಿಲ್ಲೆಯ ಶಾಸನಗಳನ್ನೆಲ್ಲ ಸೇರಿಸಿ 1905ರಲ್ಲಿ ಎಪಿಗ್ರಾಫಿಯಾ ಕರ್ನಾಟಿಕದ ಹತ್ತನೇ ಸಂಪುಟವಾಗಿ ಹೊರತಂದರು. ಅದರಲ್ಲಿ ಶಾಸನದ ಪಾಠ ಕನ್ನಡ ಲಿಪಿಯಲ್ಲೇ ಇದೆ. ಇಂಟರ್ನೆಟ್ಟಿನಲ್ಲಿ ಸಿಗುತ್ತದೆ. ಮುಳಬಾಗಿಲು ತಾಲೂಕಿನ ಭಾಗ ತೆಗೆದು ಆವನಿಯ ಎರಡು ಮೂರು ಶಾಸನ ಮಾತ್ರ ಪ್ರಿಂಟ್ ಮಾಡಿಸಿಕೊಳ್ಳಿ. ಅದರಲ್ಲಿ ತ್ರಿಭುವನಕರ್ತ ಎಂಬ ತಪಸ್ವಿಯದು ಇರಲಿ. ಆತ ನಲವತ್ತು ವರ್ಷ ಈ ಸ್ಥಾನ ನೋಡಿಕೊಂಡು ಐವತ್ತು ಗುಡಿ, ಎರಡು ದೊಡ್ಡ ಕೆರೆ ಕಟ್ಟಿಸಿದ ಎಂದು ಅದು ಹೇಳುತ್ತದೆ.

ನಮ್ಮ ಅಣ್ಣನ ಮಗಳು ಎಂಟನೇ ಕ್ಲಾಸು, ತಮಿಳು ಮೀಡಿಯಂ. ಮನೆಯಲ್ಲಿ ಕನ್ನಡ ಆಡುತ್ತಾಳೆ. ಅಕ್ಷರವನ್ನು ನಾನೇ ಮನೆಯಲ್ಲಿ ಕಲಿಸಿದ್ದು. ಹೋದ ವರ್ಷ ಆವನಿಯ ಪೌಳಿಯಲ್ಲಿ ಕೂತು ನಾನು ಪ್ರಿಂಟಿನಿಂದ ಹಳಗನ್ನಡದ ಪದಗಳನ್ನು ಒಂದೊಂದಾಗಿ ಓದುತ್ತಿದ್ದೆ. ಪೊನ್ ಎಂದೆ. "ಚಿನ್ನ" ಎಂದಳು. ಪೆಸರ್ ಎಂದೆ. "ಹೆಸರು" ಎಂದಳು. ಪುಲಿ, ಪಾಲ್, ಪಳ್ಳಿ, ಒಂದಕ್ಕೂ ತಡವರಿಸಲಿಲ್ಲ. ಬೆಂಗಳೂರಿನಿಂದ ಬಂದಿದ್ದ ನೆಂಟರ ಮಗ, ಕನ್ನಡದಲ್ಲಿ ನೂರಕ್ಕೆ ತೊಂಬತ್ತು ತೆಗೆಯುವವನು, ಬಾಯಿ ಬಿಟ್ಟುಕೊಂಡು ನೋಡುತ್ತಿದ್ದ. ಹಳಗನ್ನಡದ ಪಕಾರ ನಮ್ಮಲ್ಲಿ ಹಕಾರವಾಯಿತು, ತಮಿಳಿನಲ್ಲಿ ಹಾಗೇ ಉಳಿಯಿತು. ಅವಳಿಗೆ ಅದು ದಿನದ ಮಾತು.

ಆಮೇಲೆ ೞ ಬಂತು. ತಮಿೞ್ ಎಂಬ ಹೆಸರಿನಲ್ಲೇ ಇರುವ ಸದ್ದು ಅದು. ಕನ್ನಡಕ್ಕೂ ಆ ಅಕ್ಷರ ಇತ್ತು, ಈಗ ಬಿಟ್ಟುಹೋಗಿದೆ. ದಾನಶಾಸನಗಳ ಕೊನೆಯಲ್ಲಿ ಸಾಮಾನ್ಯವಾಗಿ ಒಂದು ಶಾಪ ಇರುತ್ತದೆ. ಇದನೞಿದೊಂ ಎಂದು ಶುರುವಾಗುತ್ತದೆ, ವಾರಣಾಸಿಯಲ್ಲಿ ಸಾವಿರ ಕವಿಲೆ ಹಸು ಕೊಂದ ಪಾಪಕ್ಕೆ ಹೋಗುತ್ತಾನೆ ಎಂದು ಮುಗಿಯುತ್ತದೆ. ನಾನು ಆ ಪದ ಓದಿದ್ದೇ ತಡ, "ಚಿಕ್ಕಪ್ಪಾ, ಇದನ್ನು ಯಾರು ಅೞಿಸುತ್ತಾರೋ ಅವರು ಅಂತ, ಅಲ್ವಾ?" ಎಂದಳು. ಅೞಿ ಅಂದರೆ ಹಾಳುಮಾಡು. ಶಾಲೆಯಲ್ಲಿ ತಮಿಳ್ ಓದುವುದರಿಂದ ಮನೆಯ ಕನ್ನಡಕ್ಕೆ ನಷ್ಟ ಎಂದು ನಾನು ವರ್ಷಗಟ್ಟಲೆ ಕೊರಗಿದ್ದೆ. ಆ ಮಧ್ಯಾಹ್ನ ಸಾವಿರ ವರ್ಷದ ಕನ್ನಡಕ್ಕೆ ಅವಳು ನನಗಿಂತ ಹತ್ತಿರ ಇದ್ದಳು.

ಶಾಸನದ ಮೇಲೆ ಚಾಕ್, ಅರಿಶಿನ, ಎಣ್ಣೆ, ಹಿಟ್ಟು ಏನನ್ನೂ ಸವರಬೇಡಿ. ಅಕ್ಷರ ಚೆನ್ನಾಗಿ ಕಾಣುತ್ತದೆ ಅಂತ ಸವರುತ್ತಾರೆ, ಕಲ್ಲು ಹಾಳಾಗುತ್ತದೆ. ಆವನಿ ಕೇಂದ್ರ ಪುರಾತತ್ವ ಇಲಾಖೆಯ ರಕ್ಷಣೆಯಲ್ಲಿದೆ. ಇಂಥ ಸ್ಮಾರಕ ಕೆಡಿಸಿದರೆ ಎರಡು ವರ್ಷದವರೆಗೆ ಜೈಲು, ಒಂದು ಲಕ್ಷ ರೂಪಾಯಿವರೆಗೆ ದಂಡ ಇದೆ. ಮೊಬೈಲ್ ಫೋಟೋಗೆ ತೊಂದರೆಯಿಲ್ಲ, ಸ್ಟ್ಯಾಂಡ್ ಇಟ್ಟು ತೆಗೆಯುವುದಾದರೆ ಇಲಾಖೆಯ ಅನುಮತಿ ಬೇಕು.

ಬೆಟ್ಟದ ಮೇಲಿನ ಸೀತಮ್ಮನ ಗುಡಿಗೆ ಹೋಗಬೇಕೆನ್ನುವವರು ಮೂರು ಗಂಟೆಯೊಳಗೆ ಹತ್ತಲು ಶುರು ಮಾಡಬೇಕು. ಮಂಡಿ ನೋವಿನವರು ಕೆಳಗೆ ಶಾಸನದ ಹತ್ತಿರ ಕೂರಲಿ. ಐದಕ್ಕೆ ಎಲ್ಲರೂ ಗಾಡಿಯಲ್ಲಿರಬೇಕು. ವಾಪಸ್ ಕೋಲಾರದ ಮೇಲೆ ಬಂದು ಬಂಗಾರಪೇಟೆಯಲ್ಲಿ ಪಾನಿಪೂರಿಗೆ ನಿಲ್ಲಿಸಿ. ಬಣ್ಣವಿಲ್ಲದ ತಿಳಿನೀರಿನ ಪಾನಿ ಅಲ್ಲಿಯ ವಿಶೇಷ. ಮಕ್ಕಳಿಗೆ ಮೊದಲೇ ಹೇಳಿಟ್ಟರೆ ಬೆಟ್ಟದಿಂದ ಬೇಗ ಇಳಿಯುತ್ತಾರೆ.

ಮುಂದಿನ ಪ್ರವಾಸಗಳು

ಒಂದು ಸಲ ರುಚಿ ಹತ್ತಿದರೆ ನಮ್ಮ ಜಿಲ್ಲೆಯಲ್ಲೇ ಇನ್ನೊಂದು ದಿನ ಮಾಡಬಹುದು. ಮಲ್ಲಚಂದ್ರಂ ಗುಡ್ಡದ ಮೇಲೆ ನೂರಕ್ಕೂ ಹೆಚ್ಚು ಕಲ್ಮನೆಗಳಿವೆ. ದೊಡ್ಡ ಚಪ್ಪಡಿ ನಿಲ್ಲಿಸಿ ಮೇಲೊಂದು ಚಪ್ಪಡಿ ಹೊದಿಸಿದ, ಮುಂದೆ ಗುಂಡು ಕಿಂಡಿ ಇರುವ ಸಮಾಧಿಗಳು. ಕೆಲವದರ ಒಳಗೆ ಬಿಳಿ ಬಣ್ಣದ ಚಿತ್ರಗಳಿವೆ. ನಮ್ಮವರು ಪಾಂಡವರ ಮನೆ ಅನ್ನುತ್ತಾರೆ. ನಿಧಿ ಆಸೆಗೆ ಇಂಥ ಕಲ್ಮನೆಗಳ ನೆಲ ಅಗೆದವರಿದ್ದಾರೆ. ಅವು ನಿಧಿ ಇಡುವ ಜಾಗ ಅಲ್ಲ, ಸಾಮಾನ್ಯವಾಗಿ ಮಡಕೆ, ಮೂಳೆ, ಕಬ್ಬಿಣ ಇರುತ್ತದೆ ಎಂದು ಮಕ್ಕಳಿಗೆ ಅಲ್ಲೇ ನಿಂತು ಹೇಳಿ. ಕಬ್ಬಿಣದ ಮಾತು ಬಂದಾಗ ಕೃಷ್ಣಗಿರಿ ಜಿಲ್ಲೆಯದೇ ಮಯಿಲಾಡುಂಪಾರೈ ನೆನಪಿಸಿ. ಅಲ್ಲಿ ಕಬ್ಬಿಣ ಸಿಕ್ಕ ಪದರದ ಕಾಲ ಕ್ರಿ.ಪೂ. 2172 ಎಂದು 2022ರಲ್ಲಿ ತಮಿಳುನಾಡು ಸರ್ಕಾರ ಪ್ರಕಟಿಸಿತು. ಮಧ್ಯಾಹ್ನ ಕೃಷ್ಣಗಿರಿಯ ಸರ್ಕಾರಿ ಮ್ಯೂಸಿಯಂ ನೋಡಿ, ವೀರಗಲ್ಲುಗಳಿವೆ.

ಹೇಮಾವತಿ, ಪೆನುಕೊಂಡ, ಲೇಪಾಕ್ಷಿ, ಜೊತೆಗೆ ರಾಮಗಿರಿಯ ಮುಚ್ಚಿದ ಚಿನ್ನದ ಗಣಿ. ಇದೂ ಗಣಿ ಮತ್ತು ಗುಡಿಯ ಜೋಡಿಯೇ, ಆದರೆ ನಮಗೆ ದೂರ. ಒಂದು ದಿನದಲ್ಲಿ ತುರುಕಬೇಡಿ. ಹಿಂದೂಪುರದಲ್ಲಿ ರಾತ್ರಿ ಉಳಿದು ಎರಡು ದಿನ ಮಾಡಿ.

ಆವನಿಗೆ ತಾರೀಕು ಹಾಕುವ ಮುಂಚೆ ಪಂಚಾಂಗ ನೋಡಿ. ಶಿವರಾತ್ರಿ ಆದ ಮೇಲೆ ಅಲ್ಲಿ ಜಾತ್ರೆ, ದನದ ಜಾತ್ರೆಯೂ ಸೇರುತ್ತದೆ. ಆ ವಾರ ಪೌಳಿಯೊಳಗೆ ಕೂತು ಶಾಸನ ಓದಲು ಜಾಗ ಸಿಗುವುದಿಲ್ಲ. ಎತ್ತು ಕೊಳ್ಳುವವರು ನಿಮ್ಮ ಗುಂಪಿನಲ್ಲಿದ್ದರೆ ಆ ವಾರವೇ ಹೋಗಿ, ಶಾಸನಕ್ಕೆ ಇನ್ನೊಂದು ಭಾನುವಾರ ಇಟ್ಟುಕೊಳ್ಳಿ.